ಅನ್ನದ ಸ್ವರ, ಅಂತರಂಗದ ಸ್ವರ

ಕಲಾವಿದನಿಗೆ ಎರಡು ಬಗೆಯ ಕೆಲಸಗಳುಂಟೆಂದು ಲೋಕ ಬಹುಕಾಲದಿಂದ ಎಣಿಸಿಕೊಂಡು ಬಂದಿದೆ. ಒಂದು ಹೊಟ್ಟೆಪಾಡಿನ ಕೆಲಸ. ಇನ್ನೊಂದು ಅಂತರಂಗದ ಕರೆಗೆ ಓಗೊಟ್ಟು ಮಾಡುವ ಕೆಲಸ. ಮೊದಲನೆಯದನ್ನು ಆತ ಆದಷ್ಟು ಮರೆಯಲ್ಲಿಡಲು ಬಯಸುತ್ತಾನೆ. ಎರಡನೆಯದರಿಂದಲೇ ಲೋಕ ತನ್ನನ್ನು ಅಳೆಯಲಿ ಎಂದು ಆಶಿಸುತ್ತಾನೆ. ಚಲಚ್ಚಿತ್ರಕ್ಕೆ ಹಿನ್ನೆಲೆ ಸಂಗೀತ ಒದಗಿಸುವುದು ಈ ಮೊದಲ ಪಂಕ್ತಿಗೆ ಸೇರಿದ್ದೆಂದು ವಿದ್ವಜ್ಜನರ ತೀರ್ಮಾನ. ನಿರ್ದೇಶಕ ಕೇಳಿದಷ್ಟು ಸೆಕೆಂಡು, ಕೇಳಿದ ಭಾವ, ಕೇಳಿದ ವಾದ್ಯ. ಅದರಾಚೆಗೆ ಒಂದು ಸ್ವರವೂ ಹೆಚ್ಚಾಗುವಂತಿಲ್ಲ. ಮಾತು ಬಂದಾಗ ಸಂಗೀತ ತಗ್ಗಬೇಕು, ಕುದುರೆ ಓಡಿದಾಗ ಏರಬೇಕು. ಇಂಥ ಕಟ್ಟಳೆಯಲ್ಲಿ ಹುಟ್ಟುವ ಸಂಗೀತಕ್ಕೆ ಸ್ವಂತ ಬಾಳು ಎಲ್ಲಿಂದ ಬರಬೇಕು ಎಂಬುದು ಅವರ ಪ್ರಶ್ನೆ.

ಈ ಪ್ರಶ್ನೆಯನ್ನು ಒಬ್ಬ ದೊಡ್ಡ ಸಂಗೀತಕಾರನ ಬಾಳಿನೊಡನೆ ಇಟ್ಟು ನೋಡುವುದು ಉಚಿತ. ಎಸ್ಟೋನಿಯಾದ ಆರ್ವೋ ಪ್ಯಾರ್ಟ್ ಅವರ ಹೆಸರು ಇಂದು ಪಾಶ್ಚಾತ್ಯ ಸಂಗೀತ ಬಲ್ಲವರಿಗೆಲ್ಲ ಪರಿಚಿತ. ಮೌನದ ಸಂಗೀತಕಾರರೆಂದೂ, ಪ್ರಾರ್ಥನೆಯ ಸಂಗೀತಕಾರರೆಂದೂ ಅವರನ್ನು ಕೊಂಡಾಡುವವರುಂಟು. ಆದರೆ 1960ರ ದಶಕದ ಆರಂಭದಿಂದ 1970ರ ದಶಕದ ಕೊನೆಯವರೆಗೆ, ಸುಮಾರು ಹದಿನಾರು ವರ್ಷಗಳ ಕಾಲ, ಅವರು ಮೂವತ್ತಕ್ಕೂ ಹೆಚ್ಚು ಚಲಚ್ಚಿತ್ರಗಳಿಗೆ ಸಂಗೀತ ಬರೆದರೆಂಬ ಸಂಗತಿಯನ್ನು ಬಲ್ಲವರು ಕಡಿಮೆ. ಬೊಂಬೆಯ ಚಿತ್ರ, ಮಕ್ಕಳ ಚಿತ್ರ, ಪತ್ತೇದಾರಿ ಚಿತ್ರ, ಅಂತರಿಕ್ಷಯಾನದ ಚಿತ್ರ ಎಲ್ಲವೂ ಅದರಲ್ಲಿವೆ. ಆ ಕೆಲಸ ಅವರ ಬಾಳಿಗೆ ಏನನ್ನು ಕೊಟ್ಟಿತು, ಏನನ್ನು ಉಳಿಸಿತು ಎಂಬುದೇ ಇಲ್ಲಿನ ವಿಚಾರ.

ಒಡೆದ ಪಿಯಾನೋ, ಚೌಕದ ಧ್ವನಿವರ್ಧಕ

ಬಾಲ್ಟಿಕ್ ಕಡಲಿನ ದಂಡೆಯಲ್ಲಿರುವ ಎಸ್ಟೋನಿಯಾ ಬಹು ಚಿಕ್ಕ ನಾಡು. ಅಲ್ಲಿನ ಜನಸಂಖ್ಯೆ ಇಂದಿಗೂ ಹದಿಮೂರು ಲಕ್ಷದ ಆಸುಪಾಸಿನಲ್ಲಿದೆ. ಆದರೆ ಹಾಡಿನ ವಿಷಯದಲ್ಲಿ ಈ ಜನ ಬಡವರಲ್ಲ. 1869ರಲ್ಲಿ ಟಾರ್ಟು ನಗರದಲ್ಲಿ ಮೊದಲ್ಗೊಂಡ ಅವರ ಗಾಯನೋತ್ಸವ ನಾಡಿನ ಬಾಳಿನಲ್ಲಿ ಬೇರೂರಿದ ಸಂಪ್ರದಾಯ. ಇಂಥ ನಾಡಿನ ಪೈಡೆ ಎಂಬ ಊರಿನಲ್ಲಿ 1935ರ ಸೆಪ್ಟೆಂಬರ್ 11ರಂದು ಪ್ಯಾರ್ಟ್ ಜನಿಸಿದರು. ಬೆಳೆದುದು ರಕ್ವೆರೆ ಎಂಬ ಪಟ್ಟಣದಲ್ಲಿ. ಅವರ ಬಾಲ್ಯ ಕಳೆಯುವ ವೇಳೆಗೆ ನಾಡು ಮೂರು ಬಾರಿ ಕೈ ಬದಲಾಯಿಸಿತ್ತು. 1940ರಲ್ಲಿ ಸೋವಿಯತ್ ಸೇನೆ, 1941ರಲ್ಲಿ ಜರ್ಮನರು, 1944ರಲ್ಲಿ ಮತ್ತೆ ಸೋವಿಯತ್ ಆಡಳಿತ. ಆ ಮೂರನೆಯ ಆಳ್ವಿಕೆ 1991ರವರೆಗೂ ಮುಂದುವರಿಯಿತು.

ಅವರ ಬಾಲ್ಯದ ಎರಡು ಸಂಗತಿಗಳನ್ನು ಚರಿತ್ರಕಾರರು ತಪ್ಪದೆ ಹೇಳುತ್ತಾರೆ. ಮನೆಯಲ್ಲೊಂದು ಹಳೆಯ ಪಿಯಾನೋ ಇತ್ತು. ಅದರ ನಡುವಿನ ಸ್ಥಾಯಿ ಕೆಟ್ಟುಹೋಗಿತ್ತು. ಮೇಲಿನ ಹಾಗೂ ಕೆಳಗಿನ ಸ್ವರಗಳು ಮಾತ್ರ ನೆಟ್ಟಗೆ ನುಡಿಯುತ್ತಿದ್ದವು. ಹುಡುಗ ಆ ಎರಡು ಅಂಚುಗಳಲ್ಲೇ ತನ್ನ ಆಟ ಆಡಿಕೊಂಡ. ಇನ್ನೊಂದು, ಪೇಟೆಯ ಚೌಕದಲ್ಲಿದ್ದ ಧ್ವನಿವರ್ಧಕ. ರೇಡಿಯೋದ ಸಂಗೀತ ಅದರಿಂದ ಹರಿದುಬರುವಾಗ ಹುಡುಗ ತನ್ನ ಬೈಸಿಕಲ್ಲಿನ ಮೇಲೆ ಚೌಕವನ್ನು ಸುತ್ತುತ್ತ ಕೇಳುತ್ತಿದ್ದ. ಇಂದು ರಕ್ವೆರೆಯ ಆ ಚೌಕದಲ್ಲಿ ಬೈಸಿಕಲ್ ಹಿಡಿದು ನಿಂತು ಆಲಿಸುವ ಹುಡುಗನ ಪ್ರತಿಮೆಯನ್ನು ಊರಿನವರು ನಿಲ್ಲಿಸಿದ್ದಾರೆ.

ಸೈನ್ಯದ ಕಡ್ಡಾಯ ಸೇವೆಯಲ್ಲಿ ಓಬೋ ಎಂಬ ಊದುವ ವಾದ್ಯವನ್ನೂ ಡೋಲನ್ನೂ ನುಡಿಸಿ ಬಂದ ಮೇಲೆ ಪ್ಯಾರ್ಟ್ ಟಾಲಿನ್ ನಗರದ ಸಂಗೀತ ವಿದ್ಯಾಲಯದಲ್ಲಿ ಹೈನೋ ಎಲ್ಲರ್ ಎಂಬ ಹಿರಿಯ ಗುರುವಿನ ಬಳಿ ರಚನಾಶಾಸ್ತ್ರ ಕಲಿತು, 1963ರಲ್ಲಿ ವ್ಯಾಸಂಗ ಮುಗಿಸಿದರು. ಓದುತ್ತಿರುವಾಗಲೇ ಎಸ್ಟೋನಿಯಾದ ಬಾನುಲಿ ಕೇಂದ್ರದಲ್ಲಿ ಧ್ವನಿಮುದ್ರಣದ ಕೆಲಸಕ್ಕೆ ಸೇರಿ 1967ರವರೆಗೆ ಅಲ್ಲಿದ್ದರು. ಬೇರೆಯವರ ಸಂಗೀತವನ್ನು ದಿನವಿಡೀ ಆಲಿಸಿ, ತೂಗಿ, ನಾಡಾ ಸುರುಳಿಗೆ ಇಳಿಸುವ ಈ ಉದ್ಯೋಗ ಹೊರಗಿನವರ ಕಣ್ಣಿಗೆ ಸಪ್ಪೆಯಾಗಿ ಕಂಡೀತು. ಆದರೆ ಒಂದು ಸ್ವರ ಹುಟ್ಟಿ, ಹಬ್ಬಿ, ಕೋಣೆಯ ಗೋಡೆಗಳಲ್ಲಿ ಕರಗಿಹೋಗುವ ಬಗೆಯನ್ನು ಅಷ್ಟು ಹತ್ತಿರದಿಂದ ಅರಿಯುವ ಅವಕಾಶ ಎಷ್ಟು ಮಂದಿ ಸಂಗೀತಕಾರರಿಗೆ ಒದಗುತ್ತದೆ?

ಬೊಂಬೆಗಳಿಗೆ ಹಾಡು

ಆ ಕಾಲದಲ್ಲಿ ಟಾಲಿನ್ನಿನ ಚಿತ್ರಶಾಲೆಯಲ್ಲಿ ಒಂದು ಹೊಸ ಕಲೆ ಕಣ್ತೆರೆಯುತ್ತಿತ್ತು. ಎಲ್ಬರ್ಟ್ ಟುಗಾನೋವ್ ಎಂಬ ನಿರ್ದೇಶಕರು 1957ರಲ್ಲಿ ಅಲ್ಲಿ ಬೊಂಬೆ ಚಿತ್ರಗಳ ವಿಭಾಗವೊಂದನ್ನು ಆರಂಭಿಸಿದ್ದರು. ಬೊಂಬೆಯ ಕೈಯನ್ನೋ ಕತ್ತನ್ನೋ ಕೂದಲೆಳೆಯಷ್ಟು ಸರಿಸಿ ಒಂದು ಚಿತ್ರ, ಮತ್ತೆ ಸರಿಸಿ ಇನ್ನೊಂದು ಚಿತ್ರ. ಒಂದು ಸೆಕೆಂಡಿನ ಚಲನೆಗೆ ಇಪ್ಪತ್ತನಾಲ್ಕು ಚಿತ್ರಗಳ ಓಟ. ಹೀಗೆ ತಪಸ್ಸಿನಂತೆ ಸಾಗುವ ಕಲೆ ಅದು. 1962ರಲ್ಲಿ ತಯಾರಾದ ‘ಪುಟ್ಟ ಮೋಟಾರ್ ಸ್ಕೂಟರ್’ ಎಂಬ ಬೊಂಬೆ ಚಿತ್ರಕ್ಕೆ ಪ್ಯಾರ್ಟ್ ಸಂಗೀತ ಬರೆದರು. ಅವರ ಚಿತ್ರಜೀವನದ ಮೊದಲ ಹೆಜ್ಜೆಗಳಲ್ಲಿ ಅದೊಂದು. ಅದಕ್ಕೂ ಮೊದಲೇ ಮಕ್ಕಳ ರಂಗಭೂಮಿಗೆಂದು ಅವರು ಬರೆದ ಪುಟ್ಟ ಪಿಯಾನೋ ನರ್ತನಗಳು ಇದ್ದವು. ಮಕ್ಕಳ ಲೋಕ ಅವರಿಗೆ ಹೊಸದಾಗಿರಲಿಲ್ಲ.

ಬೊಂಬೆಗೆ ಮುಖಭಾವ ಕಡಿಮೆ. ಅದರ ನಗು, ಅಳು, ಭಯ, ಕೀಟಲೆಗಳನ್ನೆಲ್ಲ ಸಂಗೀತ ಹೊತ್ತು ತರಬೇಕು. ಅದೂ ಮೂರು ಸೆಕೆಂಡಿನಲ್ಲಿ, ನಾಲ್ಕು ಸೆಕೆಂಡಿನಲ್ಲಿ. ದೊಡ್ಡ ವಾದ್ಯವೃಂದಕ್ಕೆ ಹಣವಿಲ್ಲ. ಇರುವ ಕೆಲವೇ ವಾದ್ಯಗಳಲ್ಲಿ ಕೆಲಸ ಸಾಗಬೇಕು. ಹೆಚ್ಚಿನದನ್ನೆಲ್ಲ ಕಳೆದು ಬೇಕಾದುದೊಂದನ್ನೇ ಉಳಿಸಿಕೊಳ್ಳುವ ವಿದ್ಯೆಗೆ ಇದಕ್ಕಿಂತ ಕಟ್ಟುನಿಟ್ಟಾದ ಪಾಠಶಾಲೆ ದೊರೆಯಲಾರದು. ಪ್ಯಾರ್ಟ್ ಮುಂದೆ ಕಂಡುಕೊಂಡ ಶೈಲಿಗೆ ಈ ಬೊಂಬೆಗಳೇ ಕಾರಣವೆಂದು ಹೇಳಿದರೆ ಅತಿಶಯೋಕ್ತಿಯಾದೀತು. ಆದರೂ ಮಿತಿಯಲ್ಲಿ ಬಾಳುವ ಅಭ್ಯಾಸ ಅವರ ಕೈಗೆ ಇಲ್ಲಿಂದಲೇ ಬಂದಿರಬಹುದೆಂದು ಊಹಿಸುವುದು ತಪ್ಪಾಗಲಾರದು.

ಇತ್ತ ಬೊಂಬೆಗಳ ಕುಣಿತಕ್ಕೆ ತಾಳ ಹಾಕುತ್ತಿದ್ದ ಈ ತರುಣ ಅತ್ತ ಸಭಾಭವನದಲ್ಲಿ ಬಿರುಗಾಳಿ ಎಬ್ಬಿಸುತ್ತಿದ್ದ. 1960ರಲ್ಲಿ ಬರೆದ ‘ನೆಕ್ರೋಲೋಗ್’ ಎಂಬ ವಾದ್ಯವೃಂದದ ಕೃತಿಯಲ್ಲಿ ಹನ್ನೆರಡು ಸ್ವರಗಳಿಗೂ ಸಮಾನ ಸ್ಥಾನ ನೀಡುವ ಪಶ್ಚಿಮದ ನವ್ಯ ಪದ್ಧತಿಯನ್ನು ಅವರು ಬಳಸಿದರು. ಎಸ್ಟೋನಿಯಾದಲ್ಲಿ ಅದು ಮೊದಲ ಪ್ರಯೋಗ. ಸೋವಿಯತ್ ಸಂಗೀತಕಾರರ ಸಂಘದ ಮುಖ್ಯಸ್ಥ ತೀಖೋನ್ ಖ್ರೆನ್ನಿಕೋವ್ ಈ ಕೃತಿಯನ್ನು ಬಹಿರಂಗವಾಗಿ ಖಂಡಿಸಿದರು. ವಿಚಿತ್ರವೆಂದರೆ 1962ರಲ್ಲಿ ಮಾಸ್ಕೋದಲ್ಲಿ ನಡೆದ ತರುಣ ಸಂಗೀತಕಾರರ ಸ್ಪರ್ಧೆಯಲ್ಲಿ ಇದೇ ಪ್ಯಾರ್ಟ್ ಅವರ ಮಕ್ಕಳ ಗಾಯಕವೃಂದದ ಕೃತಿ ‘ನಮ್ಮ ತೋಟ’ಕ್ಕೂ ಇನ್ನೊಂದು ದೊಡ್ಡ ಗಾಯನಕೃತಿಗೂ ಪ್ರಥಮ ಬಹುಮಾನ ದೊರೆಯಿತು. ಒಂದು ಕೈ ಹೊಡೆಯಿತು, ಇನ್ನೊಂದು ಕೈ ಹೂಮಾಲೆ ಹಾಕಿತು. ಸರ್ಕಾರದ ಮೆಚ್ಚುಗೆಯಲ್ಲಿ ಕಲೆ ಬದುಕುವ ನಾಡಿನಲ್ಲಿ ಎರಡೂ ಕೈಗಳು ಒಂದೇ ದೇಹಕ್ಕೆ ಸೇರಿದವು ಎಂಬುದನ್ನು ಮರೆಯುವಂತಿಲ್ಲ.

‘ಕ್ರೇದೋ’ ತಂದ ಸಂಕಟ

1968ರ ನವೆಂಬರ್ 16ರಂದು ಟಾಲಿನ್ ನಗರದಲ್ಲಿ ಪ್ಯಾರ್ಟ್ ಅವರ ‘ಕ್ರೇದೋ’ ಎಂಬ ಕೃತಿ ಮೊದಲ ಬಾರಿಗೆ ಪ್ರಯೋಗಗೊಂಡಿತು. ನೇಮೆ ಯಾರ್ವಿ ವಾದ್ಯವೃಂದವನ್ನು ನಡೆಸಿದರು. ಲ್ಯಾಟಿನ್ ಭಾಷೆಯಲ್ಲಿ ‘ಕ್ರೇದೋ’ ಎಂದರೆ ‘ನಾನು ನಂಬುತ್ತೇನೆ’. ಬಾಖ್‌ನ ಪ್ರಸಿದ್ಧ ಪಿಯಾನೋ ಕೃತಿಯೊಂದರ ಶಾಂತವಾದ ಸ್ವರಗಳು, ಅದನ್ನು ಹರಿದು ಚಿಂದಿಮಾಡುವ ನವ್ಯ ಕೋಲಾಹಲ, ಆಮೇಲೆ ಮತ್ತೆ ಆ ಶಾಂತಿ. ಕಣ್ಣಿಗೆ ಕಣ್ಣು, ಹಲ್ಲಿಗೆ ಹಲ್ಲು ಎಂಬ ಹಳೆಯ ನ್ಯಾಯವನ್ನು ಬಿಟ್ಟು ಕೇಡನ್ನು ಕೇಡಿನಿಂದ ಎದುರಿಸಬಾರದೆಂಬ ಏಸುವಿನ ಬೋಧೆ ಅದರ ತಿರುಳು. ಗಾಯಕವೃಂದ ಕ್ರಿಸ್ತನಲ್ಲಿ ತನ್ನ ನಂಬುಗೆಯನ್ನು ಗಟ್ಟಿಯಾಗಿ ಸಾರಿತು. ನಿರೀಶ್ವರವಾದವೇ ಅಧಿಕೃತ ಮತವಾಗಿದ್ದ ನಾಡಿನಲ್ಲಿ, ಪ್ರಾಗ್ ನಗರಕ್ಕೆ ಸೋವಿಯತ್ ಟ್ಯಾಂಕುಗಳು ನುಗ್ಗಿ ಮೂರು ತಿಂಗಳು ಕಳೆದಿರುವಾಗ, ತುಂಬಿದ ಸಭೆಯಲ್ಲಿ ಈ ಮಾತನ್ನು ಹಾಡಿಸುವುದೆಂದರೆ ಏನೆಂದು ಬಿಡಿಸಿ ಹೇಳಬೇಕಾಗಿಲ್ಲ.

ಅಧಿಕಾರಿಗಳು ಕೆರಳಿದರು. ‘ಕ್ರೇದೋ’ ಸೋವಿಯತ್ ವೇದಿಕೆಗಳಿಂದ ದೂರವಾಯಿತು; ಸಂಗೀತಕಾರನ ಮೇಲೆ ಸಂಶಯದ ನೆರಳು ಬಿದ್ದಿತು. ಆದರೆ ಈ ಹೊರಗಿನ ಸಂಕಟಕ್ಕಿಂತ ಒಳಗಿನ ಸಂಕಟ ದೊಡ್ಡದಾಗಿತ್ತು. ನವ್ಯ ಪದ್ಧತಿಯ ಗಣಿತದಲ್ಲಿ ತಾನು ಹೇಳಬೇಕಾದುದು ಇಲ್ಲವೆಂದು ಪ್ಯಾರ್ಟ್ ಅವರಿಗೆ ಮನದಟ್ಟಾಗಿತ್ತು. ಹಳೆಯ ಮಾರ್ಗ ಮುಚ್ಚಿತ್ತು, ಹೊಸ ಮಾರ್ಗ ಕಂಡಿರಲಿಲ್ಲ. 1971ರ ಮೂರನೆಯ ಸಿಂಫನಿಯಂಥ ಕೆಲವೇ ಕೃತಿಗಳನ್ನು ಬಿಟ್ಟರೆ ಸುಮಾರು ಎಂಟು ವರ್ಷ ಅವರು ಸಭಾಭವನಕ್ಕೆ ಏನನ್ನೂ ಕೊಡಲಿಲ್ಲ. ಮೂವತ್ತಮೂರರಿಂದ ನಲವತ್ತರವರೆಗಿನ ವಯಸ್ಸು, ಕಲಾವಿದ ತನ್ನ ಪೂರ್ಣಶಕ್ತಿಯಲ್ಲಿರುವ ಕಾಲ. ಆ ಕಾಲದಲ್ಲಿ ಬಾಯಿಕಟ್ಟಿ ಕುಳಿತಿರುವುದು ಎಂಥ ಎದೆಗಾರಿಕೆಯ ಕೆಲಸ!

ಆ ವರ್ಷಗಳಲ್ಲಿ ಅವರು ಮತ್ತೆ ವಿದ್ಯಾರ್ಥಿಯಾದರು. ಮಧ್ಯಯುಗದ ಗ್ರೆಗೋರಿಯನ್ ಸ್ತೋತ್ರಗಾನವನ್ನು, ಪುನರುಜ್ಜೀವನ ಕಾಲದ ಬಹುಕಂಠ ಗಾಯನವನ್ನು ಅಭ್ಯಾಸಮಾಡಿದರು. ಕೀರ್ತನೆಯೊಂದನ್ನು ಓದಿ, ಪುಸ್ತಕ ಮುಚ್ಚಿ, ಒಂದೇ ಉಸಿರಿಗೆ ರಾಗದ ಎಳೆಯೊಂದನ್ನು ಬರೆದರು. ಹಕ್ಕಿಯ ಹಾರಾಟದ ಗೆರೆಯನ್ನು ಕಾಗದದ ಮೇಲೆ ಎಳೆದು ಅದಕ್ಕೆ ಸ್ವರ ಕೂಡಿಸಿ ನೋಡಿದರು. ಒಂದೇ ಕಂಠದ, ಒಂದೇ ಎಳೆಯ ಹಾಡು ತಾನಾಗಿ ಹೇಗೆ ಉಸಿರಾಡುತ್ತದೆ ಎಂಬುದನ್ನು ಅರಿಯಲು ನೋಟುಪುಸ್ತಕದ ಮೇಲೆ ನೋಟುಪುಸ್ತಕ ತುಂಬಿದರು. 1972ರಲ್ಲಿ ಸಾಂಪ್ರದಾಯಿಕ ಆರ್ಥೊಡಾಕ್ಸ್ ಕ್ರೈಸ್ತಮತವನ್ನು ಸೇರಿದರು. ಅದೇ ವರ್ಷ ನೋರಾ ಅವರೊಡನೆ ವಿವಾಹವೂ ಆಯಿತು.

ಮನೆಯ ಒಲೆ ಉರಿಯಬೇಕಲ್ಲ? ಬಾನುಲಿಯ ಉದ್ಯೋಗ 1967ರಲ್ಲೇ ಮುಗಿದಿತ್ತು. ಆ ಒಲೆಯನ್ನು ಉರಿಸಿದ್ದು ಚಲಚ್ಚಿತ್ರ.

ಉಕುಆರುವಿನ ವಾಲ್ಟ್ಜ್

ಈ ಕಾಲದ ಚಿತ್ರಗಳ ಪಟ್ಟಿಯನ್ನು ಓದಿದರೆ ಬೆರಗಾಗುತ್ತದೆ. ಯಾನ್ ಟೋಮಿಂಗ್ ಮತ್ತು ವಿರ್ವೆ ಅರುವೊಯಾ ನಿರ್ದೇಶಿಸಿದ, ಬಾಲಕಿಯೊಬ್ಬಳ ಕಣ್ಣಿನಲ್ಲಿ ಜಗತ್ತನ್ನು ಕಾಣುವ ‘ಬಣ್ಣದ ಕನಸುಗಳು’ 1974ರದು. ಮರುವರ್ಷವೇ ಗ್ರಿಗೋರಿ ಕ್ರೋಮನೋವ್ ನಿರ್ದೇಶನದ ‘ಶ್ರಮಜೀವಿಗಳ ಸರ್ವಾಧಿಕಾರಕ್ಕಾಗಿ ವಜ್ರಗಳು’. ಯೂಲಿಯಾನ್ ಸೆಮ್ಯೋನೋವ್ ಅವರ ಕಾದಂಬರಿಯನ್ನು ಆಧರಿಸಿದ ಈ ಚಿತ್ರದಲ್ಲಿ ಸೋವಿಯತ್ ಗುಪ್ತಚಾರರು ಸರ್ಕಾರದ ಖಜಾನೆಯ ವಜ್ರಗಳನ್ನು ಕದ್ದವರ ಬೆನ್ನು ಹತ್ತುತ್ತಾರೆ. ಹೆಸರೇ ಎಲ್ಲವನ್ನೂ ಹೇಳುತ್ತದೆ! ಯಾವ ಆಡಳಿತ ‘ಕ್ರೇದೋ’ವನ್ನು ಸಹಿಸಲಿಲ್ಲವೋ ಅದರದೇ ಪೊಲೀಸರ ಪ್ರತಾಪವನ್ನು ಸಾರುವ ಚಿತ್ರಕ್ಕೆ ‘ಕ್ರೇದೋ’ದ ಕರ್ತೃ ಸಂಗೀತ ಬರೆದ. ಹಗಲು ಪತ್ತೇದಾರಿಯ ಓಟಕ್ಕೆ ತಾಳ, ಉಳಿದ ಹೊತ್ತು ಸ್ತೋತ್ರಗಾನದ ಅಭ್ಯಾಸ.

ಇದನ್ನು ದ್ವಂದ್ವ ಬಾಳು ಎಂದು ಹಳಿಯುವುದು ಸುಲಭ. ಆದರೆ ಇನ್ನೊಂದು ಕಡೆಯಿಂದ ನೋಡಬೇಕು. ಚಿತ್ರಗಳ ಸಂಪಾದನೆ ಇಲ್ಲದಿದ್ದರೆ ಅವರು ಸಭಾಭವನಕ್ಕಾಗಿ ಬರೆಯಬೇಕಾಗುತ್ತಿತ್ತು. ಮೇಲಿನವರು ಮೆಚ್ಚುವ ಅಭಿನಂದನ ಗೀತೆಯನ್ನೋ, ಉತ್ಸವದ ಸಿಂಫನಿಯನ್ನೋ ತಮ್ಮ ಹೆಸರಿನಲ್ಲಿ, ತಮ್ಮ ಅಂತರಂಗದ ಮಾತೆಂಬಂತೆ ಒಪ್ಪಿಸಬೇಕಾಗುತ್ತಿತ್ತು. ಚಿತ್ರದ ಸಂಗೀತ ಚಿತ್ರದ ಮಾತು. ಅದು ಸಂಗೀತಕಾರನ ಪ್ರಮಾಣವಚನವಲ್ಲವೆಂದು ಎಲ್ಲರೂ ಬಲ್ಲರು. ಅಲ್ಲಿ ಅನ್ನ ಗಳಿಸಿದ್ದರಿಂದ ಇಲ್ಲಿ ಸುಳ್ಳು ಹೇಳದೆ ಸುಮ್ಮನಿರಲು ಸಾಧ್ಯವಾಯಿತು. ಆ ಎಂಟು ವರ್ಷಗಳ ಮೌನದ ಬೆಲೆಯನ್ನು ಬೆಳ್ಳಿತೆರೆ ಕೊಟ್ಟಿತು ಎಂದರೂ ಸಲ್ಲುತ್ತದೆ.

ಈ ಕೂಲಿಕೆಲಸದ ನಡುವೆ ಒಂದು ಮುತ್ತು ಹುಟ್ಟಿತು. 1973ರಲ್ಲಿ ಲೇಯ್ಡಾ ಲಾಯುಸ್ ಎಂಬ ನಿರ್ದೇಶಕಿ ವೇರಾ ಸಾರ್ ಅವರ ಕಾದಂಬರಿಯನ್ನು ಆಧರಿಸಿ ‘ಉಕುಆರು’ ಎಂಬ ಚಿತ್ರ ತಯಾರಿಸಿದರು. ಉಕುಆರು ಕಾಡಿನ ನಡುವಿನ ಒಂದು ಬಡ ಹೊಲಮನೆ. ಮಿನ್ನಾ ಎಂಬ ಗಟ್ಟಿಮನಸ್ಸಿನ ಹೆಣ್ಣು ಅನುಕೂಲವಂತನ ಕೈಹಿಡಿಯಲೊಲ್ಲದೆ, ಅಕಾರ್ಡಿಯನ್ ನುಡಿಸುವ ಆಕ್ಸೆಲ್ ಎಂಬ ಬಡವನನ್ನು ಮೆಚ್ಚಿ ಅಲ್ಲಿಗೆ ಬರುತ್ತಾಳೆ. ಕಾಡು ಕಡಿದು ಸಂಸಾರ ಹೂಡುತ್ತಾಳೆ. ಆ ಸಂಸಾರದ ಮೇಲೆ ಯುದ್ಧದ ಸಿಡಿಲು ಎರಗುತ್ತದೆ. ಎಲ್ಲೆ ಕುಲ್ ಮತ್ತು ಲೆಂಬಿತ್ ಉಲ್ಫ್ಸಾಕ್ ಮುಖ್ಯ ಪಾತ್ರಗಳನ್ನು ವಹಿಸಿದ ಈ ಚಿತ್ರಕ್ಕೆ ಪ್ಯಾರ್ಟ್ ಒಂದು ವಾಲ್ಟ್ಜ್ ಬರೆದರು. ಮೂರು ಎಣಿಕೆಯ, ಸುತ್ತಿ ಸುತ್ತಿ ಬರುವ, ಯುರೋಪಿನ ಹಳ್ಳಿಗಳಲ್ಲಿ ಜೋಡಿ ಜೋಡಿಯಾಗಿ ಕುಣಿಯುವ ನರ್ತನದ ಮಟ್ಟು ಅದು.

ಆ ಮಟ್ಟಿನಲ್ಲಿ ಪಾಂಡಿತ್ಯದ ಸುಳಿವಿಲ್ಲ. ಹಳ್ಳಿಯ ಅಕಾರ್ಡಿಯನ್ ಪೆಟ್ಟಿಗೆಯಿಂದ ತಾನಾಗಿ ಹೊರಟಂತಿದೆ. ಕುಣಿಯಲು ಕರೆಯುತ್ತದೆ, ಆದರೆ ಕುಣಿತದ ಒಳಗೆ ಸಣ್ಣ ನೋವೊಂದು ಮಿಡಿಯುತ್ತದೆ. ಎಸ್ಟೋನಿಯಾದ ಜನ ಅದನ್ನು ಚಿತ್ರದಿಂದ ಎತ್ತಿಕೊಂಡು ತಮ್ಮದಾಗಿ ಮಾಡಿಕೊಂಡರು. ಅಕಾರ್ಡಿಯನ್ ಬಲ್ಲವರು ಅದನ್ನು ಕಲಿತರು, ಕುಣಿಯುವವರು ಅದಕ್ಕೆ ಕುಣಿದರು. ‘ಉಕುಆರು ವಾಲ್ಟ್ಜ್’ ಎಂದೇ ಹೆಸರಾಗಿ, ಪಿಯಾನೋ ಮೊದಲಾದ ವಾದ್ಯಗಳಿಗೂ ಇಳಿದು ಅದು ಇಂದಿಗೂ ಬಾಳುತ್ತಿದೆ. ಜಾನಪದ ಮಟ್ಟನ್ನು ಎರವಲು ತಂದು ತಮ್ಮ ಕೃತಿಗೆ ಮೆರುಗು ಕೊಟ್ಟ ಸಂಗೀತಕಾರರು ಸಾವಿರಾರು ಮಂದಿ. ಜಾನಪದಕ್ಕೆ ತಾನೇ ಒಂದು ಮಟ್ಟನ್ನು ಕೊಡುಗೆಯಾಗಿ ಕೊಟ್ಟವರು ಬೆರಳೆಣಿಕೆಯವರು. ಸಭೆಗೆ ಮೌನಿಯಾಗಿದ್ದ ಕಾಲದಲ್ಲೇ ಪ್ಯಾರ್ಟ್ ತಮ್ಮ ಜನದ ಬಾಯಿಗೆ ಹಾಡು ಕೊಟ್ಟರು.

ಒಂದಕ್ಕೆ ಒಂದು ಕೂಡಿ ಒಂದು

1976ರಲ್ಲಿ ಮೌನ ಮುರಿಯಿತು. ಮುರಿದದ್ದು ಗುಡುಗಿನಿಂದಲ್ಲ, ಕೆಲವೇ ನಿಮಿಷಗಳ ಒಂದು ಪಿಯಾನೋ ಕೃತಿಯಿಂದ. ‘ಅಲೀನಾಳಿಗೆ’ ಎಂಬ ಆ ಕೃತಿಯನ್ನು ನುಡಿಸಲು ಹೆಚ್ಚಿನ ಕೈಚಳಕ ಬೇಡ. ಆರಂಭದಲ್ಲಿ ಆಳದ ಸ್ವರವೊಂದು ನುಡಿಯುತ್ತದೆ. ಅದರ ಅನುರಣನದ ಮೇಲೆ, ಎತ್ತರದ ಸ್ಥಾಯಿಯಲ್ಲಿ, ಎರಡು ಎಳೆಗಳು ಜೊತೆಜೊತೆಯಾಗಿ ನಡೆಯುತ್ತವೆ. ಸಾಲಿನಿಂದ ಸಾಲಿಗೆ ಒಂದೊಂದೇ ಸ್ವರ ಹೆಚ್ಚುತ್ತ ಹೋಗಿ, ಮತ್ತೆ ಒಂದೊಂದೇ ಕಡಿಮೆಯಾಗುತ್ತದೆ. ಮೇಲಿನ ಸ್ವರಗಳೂ ಕೆಳಗಿನ ಸ್ವರಗಳೂ ಮಾತ್ರ ನುಡಿಯುತ್ತಿದ್ದ ಆ ಒಡೆದ ಪಿಯಾನೋ ಇಲ್ಲಿ ನೆನಪಿಗೆ ಬಂದರೆ ಆಶ್ಚರ್ಯವಿಲ್ಲ. ಅದೇ ವರ್ಷ ಅಕ್ಟೋಬರ್ 27ರಂದು ಟಾಲಿನ್ನಿನಲ್ಲಿ ಹೋರ್ಟುಸ್ ಮೂಸಿಕುಸ್ ಎಂಬ ತಂಡದ ಕಛೇರಿಯಲ್ಲಿ ಈ ಹೊಸ ಮಾರ್ಗದ ರಚನೆಗಳು ಮೊದಲ ಬಾರಿಗೆ ಕೇಳಿಬಂದವು.

ಈ ಮಾರ್ಗಕ್ಕೆ ಪ್ಯಾರ್ಟ್ ಇಟ್ಟ ಹೆಸರು ‘ಟಿಂಟಿನ್ನಾಬುಲಿ’. ಲ್ಯಾಟಿನ್ ಭಾಷೆಯಲ್ಲಿ ಕಿರುಗಂಟೆಗಳು ಎಂದರ್ಥ. ಇದರ ಕಟ್ಟಳೆ ಸರಳ. ಎರಡು ಎಳೆಗಳುಂಟು. ಒಂದು ಎಳೆ ಮೆಟ್ಟಿಲು ಹತ್ತಿಳಿದಂತೆ ನೆರೆಯ ಸ್ವರದಿಂದ ನೆರೆಯ ಸ್ವರಕ್ಕೆ ನಡೆಯುತ್ತದೆ. ಇನ್ನೊಂದು ಎಳೆ ನಮ್ಮ ಭಾಷೆಯಲ್ಲಿ ಹೇಳುವುದಾದರೆ ಷಡ್ಜ, ಗಾಂಧಾರ, ಪಂಚಮ ಎಂಬ ಮೂರು ಸ್ವರಗಳನ್ನು ಬಿಟ್ಟು ಕದಲುವುದಿಲ್ಲ. ಮೊದಲನೆಯದರ ಪ್ರತಿಯೊಂದು ಸ್ವರಕ್ಕೂ ಎರಡನೆಯದು ಈ ಮೂರರಲ್ಲಿ ಒಂದನ್ನು ಜೋಡಿಯಾಗಿ ಕೊಡುತ್ತದೆ. ತಂಬೂರಿಯ ಶ್ರುತಿ ಬಲ್ಲ ನಮ್ಮ ಕಿವಿಗೆ ಇದರ ಸುಖ ಬೇಗ ಹಿಡಿಸೀತು. ಆದರೆ ತಂಬೂರಿ ನಿಂತಲ್ಲೇ ನಿಲ್ಲುತ್ತದೆ. ಈ ಎರಡನೆಯ ಎಳೆ ಹೆಜ್ಜೆ ಹೆಜ್ಜೆಗೂ ಮೊದಲನೆಯದರ ಜೊತೆಗೆ ನಡೆಯುತ್ತದೆ. ಒಂದು ಅಲೆಯುವ ಮನಸ್ಸು, ಇನ್ನೊಂದು ಅದರ ಕೈಬಿಡದ ಆಸರೆ. ಒಂದಕ್ಕೆ ಒಂದು ಕೂಡಿದರೆ ಇಲ್ಲಿ ಒಂದೇ ಆಗುತ್ತದೆಂದು ನೋರಾ ಪ್ಯಾರ್ಟ್ ಈ ಶೈಲಿಯನ್ನು ಬಣ್ಣಿಸಿದ್ದಾರೆ.

ಕಟ್ಟೆಯೊಡೆದ ಕೆರೆಯಂತೆ ಕೃತಿಗಳು ಹರಿದವು. 1977ರಲ್ಲಿ ‘ಫ್ರಾತ್ರೆಸ್’, ‘ತಾಬುಲ ರಾಸ’ ಹಾಗೂ ಹಿಂದಿನ ಡಿಸೆಂಬರಿನಲ್ಲಿ ತೀರಿಕೊಂಡಿದ್ದ ಇಂಗ್ಲಿಷ್ ಸಂಗೀತಕಾರ ಬೆಂಜಮಿನ್ ಬ್ರಿಟನ್ ಅವರ ನೆನಪಿನ ‘ಕಾಂತುಸ್’. 1978ರಲ್ಲಿ ಪಿಟೀಲು ಮತ್ತು ಪಿಯಾನೋಗಳಿಗೆ ಬರೆದ ‘ಕನ್ನಡಿಯೊಳಗಿನ ಕನ್ನಡಿ’. ಇದೇ ವೇಳೆಯಲ್ಲಿ ಅವರ ಚಿತ್ರಜೀವನದ ಕೊನೆಯ ಕೆಲಸವೂ ನಡೆಯಿತು. ಸ್ತಾನಿಸ್ವಾಫ್ ಲೆಮ್ ಅವರ ಕಥೆಯನ್ನು ಆಧರಿಸಿ ಪೋಲೆಂಡಿನ ಮಾರೆಕ್ ಪಿಯೆಸ್ತ್ರಾಕ್ ನಿರ್ದೇಶಿಸಿದ, ಟಾಲಿನ್ನಿನ ಚಿತ್ರಶಾಲೆಯೂ ಪಾಲುಗೊಂಡ ಅಂತರಿಕ್ಷದ ಚಿತ್ರವೊಂದಕ್ಕೆ ಅವರು ಸಂಗೀತ ಕೊಟ್ಟರು. ನೌಕೆಯ ಸಿಬ್ಬಂದಿಯಲ್ಲಿ ಮನುಷ್ಯನಾರು, ಯಂತ್ರಮಾನವನಾರು ಎಂದು ಪಿರ್ಕ್ಸ್ ಎಂಬ ನಾವಿಕ ಪತ್ತೆಹಚ್ಚಬೇಕಾದ ಕಥೆ ಅದು.

ಕನ್ನಡಿ ತಿರುಗಿತು

1980ರ ಜನವರಿಯಲ್ಲಿ ಪ್ಯಾರ್ಟ್ ಕುಟುಂಬ ಸೋವಿಯತ್ ನಾಡನ್ನು ಬಿಟ್ಟು ಹೊರಟಿತು. ಬ್ರೆಸ್ಟ್ ಎಂಬ ಗಡಿ ನಿಲ್ದಾಣದಲ್ಲಿ ಪೊಲೀಸರು ಅವರ ಪೆಟ್ಟಿಗೆಗಳನ್ನು ಬಿಚ್ಚಿಸಿ ಶೋಧಿಸಿದರು. ಧ್ವನಿಮುದ್ರಿಕೆಗಳನ್ನು ಹಾಕಿಸಿ ಕೇಳಿದರು. ಆ ನಿರ್ಜನ ನಿಲ್ದಾಣದಲ್ಲಿ ‘ಕಾಂತುಸ್’ ಮೊಳಗಿತೆಂದೂ, ಕೇಳಿದವರು ಮೆತ್ತಗಾದರೆಂದೂ ಪ್ಯಾರ್ಟ್ ಮುಂದೆ ನೆನೆಸಿಕೊಂಡಿದ್ದಾರೆ. ವಿಯೆನ್ನಾದಲ್ಲಿ ಕೆಲಕಾಲ ಇದ್ದು ಅವರು ಬರ್ಲಿನ್ನಿನ ಪಶ್ಚಿಮ ಭಾಗದಲ್ಲಿ ನೆಲೆಸಿದರು. 1984ರಲ್ಲಿ ಇ.ಸಿ.ಎಂ. ಎಂಬ ಜರ್ಮನ್ ಸಂಸ್ಥೆ ‘ತಾಬುಲ ರಾಸ’ ಧ್ವನಿಮುದ್ರಿಕೆಯನ್ನು ಹೊರತಂದಿತು. ಅಲ್ಲಿಂದ ಅವರ ಕೀರ್ತಿ ಲೋಕವ್ಯಾಪಿಯಾಯಿತು. ಅವರು ಮತ್ತೆ ಚಿತ್ರಗಳಿಗೆ ಕೂಲಿಯಾಗಿ ಬರೆಯಬೇಕಾದ ಸಂದರ್ಭ ಬರಲಿಲ್ಲ.

ಇಲ್ಲಿಂದ ಮುಂದಿನ ಕಥೆ ವಿನೋದವಾದುದು. ಅವರು ಚಲಚ್ಚಿತ್ರವನ್ನು ಬಿಟ್ಟರು. ಚಲಚ್ಚಿತ್ರ ಅವರನ್ನು ಬಿಡಲಿಲ್ಲ. ಯಾವ ಚಿತ್ರವನ್ನೂ ಮನಸ್ಸಿನಲ್ಲಿಟ್ಟುಕೊಳ್ಳದೆ, ಮೌನದಿಂದ ಹೊರಬಂದು ಬರೆದ ಆ ಕೃತಿಗಳನ್ನೇ ಜಗತ್ತಿನ ನಿರ್ದೇಶಕರು ಅರಸಿ ಬಂದರು. ‘ವಿಟ್’ ಎಂಬ 2001ರ ಚಿತ್ರದಲ್ಲಿ ಅರ್ಬುದ ರೋಗದಿಂದ ಸಾವಿನ ಹಾಸಿಗೆ ಹಿಡಿದ ವಿದುಷಿಯೊಬ್ಬಳ ಬಳಿ ‘ಕನ್ನಡಿಯೊಳಗಿನ ಕನ್ನಡಿ’ ನುಡಿಯುತ್ತದೆ. 2002ರ ‘ಗೆರ್ರಿ’ಯಲ್ಲಿ ಅದೇ ಸಂಗೀತ ಮರುಭೂಮಿಯತ್ತ ಸಾಗುವ ಕಾರಿನ ಜೊತೆಗಿರುತ್ತದೆ. ಅದೇ ವರ್ಷ ಟಾಮ್ ಟಿಕ್ವರ್ ತಮ್ಮ ‘ಹೆವೆನ್’ ಚಿತ್ರಕ್ಕೆ ‘ಅಲೀನಾಳಿಗೆ’ ಕೃತಿಯನ್ನು ಬಳಸಿಕೊಂಡರು. 2001ರ ಸೆಪ್ಟೆಂಬರ್ 11ರ ನ್ಯೂಯಾರ್ಕ್ ದುರಂತವನ್ನು ತೋರಿಸುವಾಗ ಮೈಕೆಲ್ ಮೂರ್ ತಮ್ಮ 2004ರ ‘ಫ್ಯಾರನ್‌ಹೀಟ್ 9/11’ರಲ್ಲಿ ‘ಕಾಂತುಸ್’ಗೆ ಶರಣಾದರು. 2007ರ ‘ದೇರ್ ವಿಲ್ ಬಿ ಬ್ಲಡ್’ನಲ್ಲಿ ‘ಫ್ರಾತ್ರೆಸ್’. 2013ರ ಇಟಲಿಯ ‘ದಿ ಗ್ರೇಟ್ ಬ್ಯೂಟಿ’ಯಲ್ಲಿ ಕವಿ ಬರ್ನ್ಸ್‌ನ ಪದ್ಯಕ್ಕೆ ಅವರು ಕೂಡಿಸಿದ ಗೀತೆ. ಪಟ್ಟಿ ಇನ್ನೂ ಉದ್ದವಿದೆ.

ಕಾರಣವೇನು? ದೃಶ್ಯಕ್ಕೆ ತಕ್ಕಂತೆ ಬರೆದ ಸಂಗೀತ ನೋಡುವವನಿಗೆ ಏನನ್ನು ಅನುಭವಿಸಬೇಕೆಂದು ಕಿವಿಯಲ್ಲಿ ಪಿಸುಗುಟ್ಟುತ್ತದೆ. ಈಗ ಅಳು, ಈಗ ಹೆದರು ಎನ್ನುತ್ತದೆ. ಪ್ಯಾರ್ಟ್ ಅವರ ಸಂಗೀತ ಹಾಗೆ ಆಜ್ಞೆ ಮಾಡುವುದಿಲ್ಲ. ತನ್ನ ಎಣಿಕೆಯಲ್ಲಿ ತಾನು ನಡೆಯುತ್ತದೆ, ಸ್ವರ ಸ್ವರಗಳ ನಡುವೆ ಎಡೆ ಬಿಡುತ್ತದೆ. ಆ ಎಡೆಯಲ್ಲಿ ನೋಡುವವನ ಸ್ವಂತ ದುಃಖ, ಸ್ವಂತ ನೆನಪು ಬಂದು ಕುಳಿತುಕೊಳ್ಳುತ್ತದೆ. ದೃಶ್ಯಕ್ಕೆ ಎಡೆಮಾಡಿಕೊಡುವುದೇ ಚಿತ್ರಸಂಗೀತದ ಪರಮಧರ್ಮವಾದರೆ, ಚಿತ್ರಕ್ಕಾಗಿ ಬರೆಯದಿದ್ದಾಗಲೇ ಪ್ಯಾರ್ಟ್ ಅತ್ಯುತ್ತಮ ಚಿತ್ರಸಂಗೀತ ಬರೆದರೆಂದು ಹೇಳಬೇಕಾಗುತ್ತದೆ.

ಈ ಸೌಭಾಗ್ಯಕ್ಕೆ ಒಂದು ಕಳಂಕವೂ ಅಂಟಿದೆ. ಸುಲಭವಾಗಿ ಕಣ್ಣೀರು ಬರಿಸುವ ಸಾಧನವೆಂದು ‘ಕನ್ನಡಿಯೊಳಗಿನ ಕನ್ನಡಿ’ಯನ್ನು ಕಂಡಕಂಡಲ್ಲಿ ಬಳಸುವ ಚಾಳಿ ಬೆಳೆದಿದೆ. ಹುರುಳಿಲ್ಲದ ದೃಶ್ಯಕ್ಕೂ ಅದನ್ನು ಹೊದಿಸಿದರೆ ಗಾಂಭೀರ್ಯ ಬಂದೀತೆಂಬ ಭ್ರಮೆ. ಎಂಟು ವರ್ಷ ಕಾದು ಪಡೆದ ಸ್ವರವನ್ನು ಎಂಟು ಸೆಕೆಂಡಿನ ಭಾವೋದ್ರೇಕಕ್ಕೆ ಒತ್ತೆಯಿಡುವುದು ಕಲೆಗೆ ಮಾಡುವ ಅನ್ಯಾಯ. ಒಂದು ಸ್ವರವನ್ನೂ ಪ್ರೀತಿಯಿಂದ ಕಾಣಬೇಕೆಂಬ ಮಾತನ್ನು ಹಿಂದೊಮ್ಮೆ ಬೀದಿ ಗುಡಿಸುವವನೊಬ್ಬ ತಮಗೆ ಹೇಳಿದನೆಂದು ಪ್ಯಾರ್ಟ್ ನೆನೆಯುವುದುಂಟು. ಆ ಮಾತು ಸ್ವರವನ್ನು ಬರೆಯುವವನಿಗಷ್ಟೇ ಅಲ್ಲ, ಬಳಸುವವನಿಗೂ ಸಲ್ಲಬೇಕು.

1991ರಲ್ಲಿ ಎಸ್ಟೋನಿಯಾ ಮತ್ತೆ ಸ್ವತಂತ್ರವಾಯಿತು. ಪ್ಯಾರ್ಟ್ ಮುಂದೆ ತಾಯ್ನಾಡಿಗೆ ಮರಳಿದರು. ಟಾಲಿನ್ನಿನಿಂದ ಸುಮಾರು ಮೂವತ್ತೈದು ಕಿಲೋಮೀಟರು ದೂರದ ಲೌಲಸ್ಮಾ ಎಂಬಲ್ಲಿ, ಕಡಲ ಬಳಿಯ ಪೈನ್ ಮರಗಳ ನಡುವೆ, ಅವರ ಕೃತಿಭಂಡಾರವನ್ನು ಕಾಪಾಡುವ ಕೇಂದ್ರವೊಂದು 2018ರ ಅಕ್ಟೋಬರಿನಲ್ಲಿ ತೆರೆಯಿತು. 2025ರ ಸೆಪ್ಟೆಂಬರಿನಲ್ಲಿ ಅವರಿಗೆ ತೊಂಬತ್ತು ತುಂಬಿದಾಗ ಅನೇಕ ನಾಡುಗಳ ಸಭಾಭವನಗಳಲ್ಲಿ ಅವರ ಸಂಗೀತ ಮೊಳಗಿತು.

ಹೊಟ್ಟೆಪಾಡಿನ ಕೆಲಸ ಕಲಾವಿದನನ್ನು ಕೆಡಿಸುತ್ತದೆಯೇ ಎಂಬ ಪ್ರಶ್ನೆಗೆ ಈ ಬಾಳಿನಿಂದ ಸಿಗುವ ಉತ್ತರ ಇಷ್ಟು: ಕೆಡಿಸುವುದು ಕೆಲಸವಲ್ಲ, ಆ ಕೆಲಸವನ್ನು ತನ್ನ ಅಂತರಂಗದ ಮಾತೆಂದು ತಾನೂ ನಂಬಿ ಲೋಕವನ್ನೂ ನಂಬಿಸಹೊರಡುವ ಹುಸಿ. ಪ್ಯ್ಾರ್ಟ್ ಆ ಹುಸಿಗೆ ಇಳಿಯಲಿಲ್ಲ. ಬೊಂಬೆಗೆ ಬೊಂಬೆಯ ಸಂಗೀತ, ಪತ್ತೇದಾರನಿಗೆ ಪತ್ತೇದಾರನ ಸಂಗೀತ ಕೊಟ್ಟು, ತಮ್ಮ ಮಾತು ಸಿಗುವವರೆಗೆ ತಮ್ಮ ಬಗ್ಗೆ ಸುಮ್ಮನಿದ್ದರು. ಅವರ ಹಿರಿಯ ಕೃತಿಗಳನ್ನು ಪಂಡಿತರು ಕಾಪಾಡಿಯಾರು. ಆ ಸುಮ್ಮನಿದ್ದ ಕಾಲದಲ್ಲಿ ಕೂಲಿಗಾಗಿ ಬರೆದ ಮೂರೆಣಿಕೆಯ ಒಂದು ಮಟ್ಟನ್ನು ಮಾತ್ರ ಯಾರೂ ಕಾಪಾಡಬೇಕಾಗಿಲ್ಲ. ಅಕಾರ್ಡಿಯನ್ ಇರುವ ಎಸ್ಟೋನಿಯಾದ ಹಳ್ಳಿಗಳಲ್ಲಿ ಅದು ತನ್ನ ಪಾಡಿಗೆ ತಾನು ಸುತ್ತುತ್ತಿದೆ.